ನಂಜ ನಮ್ಮ ಮನೆಯಲ್ಲಿ ಮಾತಾಡಿದ ಬೇಸಿಗೆ

ಆ ಕಾಲದಲ್ಲಿ ಮನೆಯೊಳಗೆ ಇಬ್ಬರು ಮಾತು ಬಿಟ್ಟರೆ ಮೊದಲು ದಣಿಯುತ್ತಿದ್ದುದು ಮಕ್ಕಳ ಕಾಲು. ಮುನಿಸಿಕೊಂಡವರಿಗೆ ಈಗಿನ ಹಾಗೆ ತಮ್ಮ ತಮ್ಮ ರೂಮಿನ ಬಾಗಿಲು ಹಾಕಿಕೊಂಡು ಫೋನ್ ನೋಡುತ್ತಾ ಕೂರುವ ಅನುಕೂಲವಿರಲಿಲ್ಲ. ಒಂದೇ ಬಚ್ಚಲು, ಒಂದೇ ನಲ್ಲಿ, ಒಂದೇ ದಿನಪತ್ರಿಕೆ. ಮಾತು ಬಿಟ್ಟವರು ಕೂಡ ದಿನಕ್ಕೆ ಇಪ್ಪತ್ತು ಸಲ ಒಬ್ಬರಿಗೊಬ್ಬರು ಏನಾದರೂ ಹೇಳಲೇಬೇಕಾಗುತ್ತಿತ್ತು. ಅದನ್ನು ಹೊತ್ತು ತಿರುಗುವ ಕೆಲಸ ಮನೆಯ ಸಣ್ಣವರದು. ನಿಮ್ಮ ಮನೆಯಲ್ಲೂ ಅಂಥದೊಂದು ಮುನಿಸು ಇದ್ದಿರಬಹುದು. ನೀವೂ 'ಹೋಗಿ ಹೇಳು' ಅನ್ನಿಸಿಕೊಂಡು ಓಡಿರಬಹುದು.

ಹಲಸೂರಿನ ಮಾರುಕಟ್ಟೆಯ ಹಿಂದಿನ ಓಣಿಯಲ್ಲಿ ನಮ್ಮ ಮನೆ. ಮುಂದೆ ಎರಡು ಕೋಣೆ, ನಡುವೆ ಅಂಗಳ, ಅಂಗಳದಲ್ಲಿ ಹಲಗೆ ಮುಚ್ಚಿದ ಒಂದು ಹಳೇ ಬಾವಿ, ಅದರಾಚೆ ಚಿಕ್ಕಪ್ಪನ ಕೋಣೆ. ಅಪ್ಪ, ಅಮ್ಮ, ಅಜ್ಜಿ, ಅಪ್ಪನ ತಮ್ಮನಾದ ಚಿಕ್ಕಪ್ಪ, ನಾನು. ಇಷ್ಟೇ ಜನ. ಅಪ್ಪ ಮತ್ತು ಚಿಕ್ಕಪ್ಪನ ನಡುವೆ ಮಾತು ನಿಂತು ಆರು ತಿಂಗಳಾಗಿತ್ತು. ನನಗೆ ಆಗ ಹತ್ತು ವರ್ಷ.

ಅಪ್ಪ ಬಾವಿಕಟ್ಟೆಯ ಮೇಲೆ ಕೂತು, ನಾಲ್ಕು ಮೊಳ ದೂರದಲ್ಲಿ ಶೂ ಒರೆಸುತ್ತಿದ್ದ ತಮ್ಮನನ್ನು ನೋಡದೆ ನನಗೆ ಹೇಳುತ್ತಿದ್ದರು, ಪೇಪರ್ ಓದಿ ಆಯ್ತಾ ಅಂತ ನಿನ್ನ ಚಿಕ್ಕಪ್ಪನ್ನ ಕೇಳು. ಚಿಕ್ಕಪ್ಪನಿಗೆ ಅದು ಕೇಳಿಸಿರುತ್ತಿತ್ತು. ಆದರೂ ಅವನು ಆಕಾಶ ನೋಡುತ್ತಾ ಕಾಯುತ್ತಿದ್ದ. ನಾನು ಹೋಗಿ, 'ಪೇಪರ್ ಓದಿ ಆಯ್ತಾ ಅಂತೆ' ಅಂದ ಮೇಲೆಯೇ ಅವನಿಗೆ ಕಿವಿ ಬರುತ್ತಿತ್ತು. ಅವನ ಉತ್ತರ ಹೊತ್ತು ನಾನು ನಾಲ್ಕು ಮೊಳ ವಾಪಸು. ಕುಂಟೆಬಿಲ್ಲೆ ಆಡುವಾಗಲೂ ನನ್ನ ಒಂದು ಕಿವಿ ಮನೆಯ ಕಡೆಗೇ ಇರುತ್ತಿತ್ತು. ಒಂದು ಕಡೆ ಕೂರಲಾಗುತ್ತಿರಲಿಲ್ಲ. ಊಟಕ್ಕೆ ಕೂತರೂ ಅರ್ಧ ಎದ್ದ ಹಾಗೇ ಕೂರುತ್ತೀಯಲ್ಲ ಎಂದು ಅಮ್ಮ ಬಯ್ಯುತ್ತಿದ್ದಳು.

ಜಗಳಕ್ಕೆ ಕಾರಣ ನಂಜ. ನಂಜ ಎಂದರೆ ಚಿಕ್ಕಪ್ಪನ ಮಾತಾಡುವ ಗೊಂಬೆ.

ಬಾಯಿ ಅಲ್ಲಾಡಿಸದೆ ಗೊಂಬೆಯ ಕೈಲಿ ಮಾತಾಡಿಸುವವರನ್ನು ನೀವು ಶಾಲೆಯ ವಾರ್ಷಿಕೋತ್ಸವದಲ್ಲಿ ನೋಡಿರುತ್ತೀರಿ. ಚಿಕ್ಕಪ್ಪ ಅದನ್ನು ಯಾರಿಂದಲೂ ಕಲಿತವನಲ್ಲ. ಕನ್ನಡಿಯ ಮುಂದೆ ಹಲ್ಲಿನ ನಡುವೆ ಬೆಂಕಿಕಡ್ಡಿ ಕಚ್ಚಿಕೊಂಡು, ಅದು ಅಲುಗದ ಹಾಗೆ ಮಾತಾಡಿ ಮಾತಾಡಿ ರೂಢಿಸಿಕೊಂಡಿದ್ದ. ನಂಜನ ತಲೆ ಹಗುರ ಮರದ್ದು. ಮೂಗಿನ ತುದಿಯ ಬಣ್ಣ ಸ್ವಲ್ಪ ಹೋಗಿತ್ತು. ಒಂದು ಹುಬ್ಬು ಯಾವಾಗಲೂ ಮೇಲೆ. ಕೂದಲು ಕಪ್ಪು ಉಣ್ಣೆಯದು. ಮೈ ಟೊಳ್ಳು. ಬೆನ್ನಿನ ಸೀಳಿನಲ್ಲಿ ಕೈ ಹಾಕಿದರೆ ಒಳಗೊಂದು ಕೋಲು, ಕೋಲಿಗೊಂದು ಕಬ್ಬಿಣದ ಉಂಗುರ. ಉಂಗುರ ಎಳೆದರೆ ಕೆಳದವಡೆ ಇಳಿಯುತ್ತಿತ್ತು. ತುಟಿ ಸೇರಿಸದೆ ಪ, ಬ, ಮ ಹೇಳಲು ಬರುವುದಿಲ್ಲವಂತೆ. ಅದಕ್ಕೇ ಚಿಕ್ಕಪ್ಪ ಅಳೆದು ತೂಗಿ ಅವನಿಗೆ ನಂಜ ಎಂದು ಹೆಸರಿಟ್ಟಿದ್ದ. ತನ್ನ ಹೆಸರೇ ಹೇಳಲು ಬಾರದ ಗೊಂಬೆಯನ್ನು ಯಾರು ನಂಬುತ್ತಾರೆ ಅನ್ನುವುದು ಅವನ ವಾದ. ನಂಜ ಅಪ್ಪನನ್ನು 'ದೊಡ್ಡಪ್ಪ' ಅನ್ನದೆ 'ದೊಡ್ಡಯ್ಯ' ಅನ್ನುತ್ತಿದ್ದುದೂ ಅದೇ ಕಾರಣಕ್ಕೆ.

ನಂಜನನ್ನು ಕುತ್ತಿಗೆ ಹಿಡಿದು ಎತ್ತುವ ಹಾಗಿರಲಿಲ್ಲ. ಅವನ ಖಾಲಿ ಬೆನ್ನನ್ನು ಯಾರಿಗೂ ತೋರಿಸುವ ಹಾಗಿರಲಿಲ್ಲ. ಆಟ ಮುಗಿದು ಪೆಟ್ಟಿಗೆಯಲ್ಲಿ ಮಲಗಿಸುವಾಗ ಚಿಕ್ಕಪ್ಪ ಅವನ ಮುಖದ ಮೇಲೆ ಒಗೆದ ಕರ್ಚೀಫು ಹೊದಿಸಿ, 'ಸಾಕೇನೋ ಇವತ್ತಿಗೆ?' ಎಂದು ಕೇಳಿ, ಒಂದು ಕ್ಷಣ ಬಿಟ್ಟು ಮುಚ್ಚಳ ಹಾಕುತ್ತಿದ್ದ. ಆ ಪೆಟ್ಟಿಗೆ ತೆರೆದಾಗ ಬರುತ್ತಿದ್ದ ನುಸಿಗುಳಿಗೆ, ಹಳೇ ಬಣ್ಣ ಮತ್ತು ಚಿಕ್ಕಪ್ಪನ ತಲೆಎಣ್ಣೆ ಸೇರಿದ ವಾಸನೆ ಬೇರೆಲ್ಲೂ ನನಗೆ ಸಿಕ್ಕಿಲ್ಲ.

ಕೆ.ಆರ್. ಪುರಂ ದಾರಿಯ ಒಂದು ಕಾರ್ಖಾನೆಯಲ್ಲಿ ಅಪ್ಪ ಸೂಪರ್‌ವೈಸರ್. ಮ್ಯಾನೇಜರಿಗೆ ಕೈಮುಗಿದು ತಮ್ಮನಿಗೂ ಅಲ್ಲೇ ಕೆಲಸ ಕೊಡಿಸಿದ್ದರು. ಆಯುಧಪೂಜೆಯ ದಿನ ಯಂತ್ರಗಳಿಗೆಲ್ಲ ಕುಂಕುಮ, ಚೆಂಡುಹೂವು ಇಟ್ಟು, ಮಂಡಕ್ಕಿ ಹಂಚಿದ ಮೇಲೆ ಮನರಂಜನೆ. ಚಿಕ್ಕಪ್ಪ ನಂಜನನ್ನು ತೊಡೆಯ ಮೇಲೆ ಕೂರಿಸಿಕೊಂಡ. ನಂಜ ಅವತ್ತು ಮ್ಯಾನೇಜರಾದ. ಯಾರಾದರೂ ರಜೆ ಕೇಳಿದರೆ ಮ್ಯಾನೇಜರು ಮೂರು ಸಲ ಗಂಟಲು ಸರಿ ಮಾಡಿಕೊಂಡು, ಮೇಜಿನ ಮೇಲಿನ ಗುಂಡುಪಿನ್ನುಗಳನ್ನು ಜೋಡಿಸಿ, ಕೊನೆಗೆ ಇಲ್ಲ ಅನ್ನುವ ರೀತಿಯನ್ನು ಅವರ ದನಿಯಲ್ಲೇ ಮಾಡಿ ತೋರಿಸಿದ. ಕಾರ್ಖಾನೆಯೇ ಬಿದ್ದು ಬಿದ್ದು ನಕ್ಕಿತಂತೆ. ಮ್ಯಾನೇಜರೂ ನಕ್ಕರಂತೆ. ಹಬ್ಬದ ರಜೆ ಮುಗಿದ ಮೇಲೆ ಅಣ್ಣ ತಮ್ಮ ಇಬ್ಬರನ್ನೂ ಕರೆಸಿದರು. 'ಸರ್, ಅದು ನಾನು ಹೇಳಿದ್ದಲ್ಲ, ನಂಜ' ಎಂದು ಚಿಕ್ಕಪ್ಪ ಅಲ್ಲೂ ತಮಾಷೆ ಮಾಡಿದ. ಈ ಸಲ ಅವರು ನಗಲಿಲ್ಲ. ವಾರದೊಳಗೆ ಚಿಕ್ಕಪ್ಪನ ಕೆಲಸ ಹೋಯಿತು.

ಅವತ್ತು ಸಂಜೆ ಅಪ್ಪ ಮನೆಗೆ ಬಂದು, ಇನ್ನು ಇವನ ಹತ್ತಿರ ನನಗೆ ಮಾತಿಲ್ಲ ಅಂದರು. ಅಂದ ಹಾಗೇ ನಡೆದುಕೊಂಡರು.

ಆ ಬೇಸಿಗೆಯ ಹೊತ್ತಿಗೆ ಅಜ್ಜಿಯ ಕಣ್ಣಿನ ಪೊರೆ ಬಲಿತಿತ್ತು. ಆಪರೇಷನ್ನಿಗೆ ತಡ ಮಾಡಬೇಡಿ, ಮಳೆಗಾಲ ದಾಟಿಸಿದರೆ ಆಮೇಲೆ ನನ್ನ ಕೈಲಿಲ್ಲ ಎಂದು ಡಾಕ್ಟರು ಹೇಳಿ ಕಳಿಸಿದ್ದರು. ಆಸ್ಪತ್ರೆಯಿಂದ ಬಂದು, ಕಾಲು ತೊಳೆದು, ನಡುಮನೆಯಲ್ಲಿ ಕೂತು ಅಜ್ಜಿ ನಿಧಾನವಾಗಿ ಹೇಳಿದಳು:

"ನನ್ನ ಮಕ್ಕಳು ಎದುರಾಬದುರು ಮಾತಾಡಿದ ದಿನ ಆಪರೇಷನ್ ಮಾಡಿಸ್ಕೋತೀನಿ. ಮೂಗರ ಮನೇಲಿ ಕಣ್ಣಿಟ್ಕೊಂಡು ಏನ್ ಮಾಡ್ಲಿ?"

ಕೋಪವಿರಲಿಲ್ಲ ಅವಳ ಮಾತಿನಲ್ಲಿ. ಅದೇ ಹೆದರಿಕೆ ಹುಟ್ಟಿಸಿದ್ದು. ಅಮ್ಮ ಅತ್ತಳು. ಇಬ್ಬರು ಗಂಡಸರೂ ಒಂದೊಂದು ಗೋಡೆ ನೋಡಿದರು. ಮೂವರೂ ಬೇರೆ ಬೇರೆಯಾಗಿ ಅಜ್ಜಿಗೆ ಹೇಳಿ ನೋಡಿದರು. ಅಜ್ಜಿ ಕದಲಲಿಲ್ಲ. ಅಕ್ಕಿಯ ಕಲ್ಲನ್ನು ಬೆರಳಿನಿಂದಲೇ ಹುಡುಕಿ ತೆಗೆಯುವುದನ್ನು ಅಭ್ಯಾಸ ಮಾಡಿಕೊಂಡಳು. ದೀಪ ಹಚ್ಚುವಾಗ ಬತ್ತಿಯ ಪಕ್ಕದಲ್ಲೇ ಕಡ್ಡಿ ಹಿಡಿದು, ಹತ್ತಿತು ಅಂದುಕೊಂಡು ಕೈಮುಗಿಯುತ್ತಿದ್ದಳು. ನಾನು ಸದ್ದಿಲ್ಲದೆ ಹೋಗಿ ಹಚ್ಚುತ್ತಿದ್ದೆ. ನನ್ನ ಗಲ್ಲ ಹಿಡಿದು ಮೂಗಿನ ಹತ್ತಿರ ಎಳೆದುಕೊಂಡರೆ ಮಾತ್ರ ನನ್ನ ಮುಖ ಅವಳಿಗೆ ಕಾಣುತ್ತಿತ್ತು. ದಿನಾ ಅವಳು ನನ್ನನ್ನು ಇನ್ನಷ್ಟು ಹತ್ತಿರ ಎಳೆದುಕೊಳ್ಳುತ್ತಿದ್ದಾಳೆ ಅನ್ನಿಸುತ್ತಿತ್ತು.

ಪರೀಕ್ಷೆ ಮುಗಿದ ವಾರವೇ ನಾನು ಐಸ್‌ಕ್ಯಾಂಡಿ ತಿಂದು ತಿಂದು ದನಿ ಕಳೆದುಕೊಂಡೆ. ಗಂಟಲಿನಿಂದ ಗಾಳಿ ಬಿಟ್ಟು ಬೇರೇನೂ ಬರುತ್ತಿರಲಿಲ್ಲ. ಮನೆ ನಿಂತುಹೋಯಿತು. ಅಮ್ಮ ಈ ಸುದ್ದಿ ಒಯ್ಯುವ ಕೆಲಸಕ್ಕೆ ಮೊದಲೇ ಕೈಮುಗಿದಿದ್ದಳು. ಕಾರ್ಪೊರೇಷನ್ ನೀರು ದಿನ ಬಿಟ್ಟು ದಿನ, ಬೆಳಿಗ್ಗೆ ಒಂದೇ ಗಂಟೆ ಬರುತ್ತಿತ್ತು. ಅಪ್ಪ ನಲ್ಲಿಯ ಹತ್ತಿರ ಹಲ್ಲುಜ್ಜುತ್ತಾ, ನೀರು ಬಂದಿದೆ ಎಂದು ಗಾಳಿಗೆ ಹೇಳಿದರು. ಗಾಳಿ ಏನೂ ಅನ್ನಲಿಲ್ಲ. ಆಗ ಚಿಕ್ಕಪ್ಪನ ಕೋಣೆಯ ಕಿಟಕಿಯಲ್ಲಿ, ಅರ್ಧ ಪರದೆಯ ಮೇಲಿನಿಂದ ನಂಜ ತಲೆಯೆತ್ತಿದ.

"ದೊಡ್ಡಯ್ಯಾ, ನೀರು ಇನ್ನೂ ಸಣ್ಣಗಿದೆ. ಅಷ್ಟರಲ್ಲಿ ಹಲ್ಲುಜ್ಜೋದು ಆಗತ್ತಾ? ನಿನ್ನೆಯಿಂದ ಉಜ್ಜುತಾನೇ ಇದೀರಲ್ಲ."

ಅಪ್ಪ ಬ್ರಷ್ ಬಾಯಲ್ಲೇ ಇಟ್ಟುಕೊಂಡು ನಿಂತರು. ಆರು ತಿಂಗಳಿಂದ ಅತ್ತ ಕಡೆಯಿಂದ ಅವರ ಕಡೆಗೆ ನೇರವಾಗಿ ಬಂದ ಮೊದಲ ಮಾತು ಅದು. ಅವರಿಗೆ ಸಿಟ್ಟು ಬರಬೇಕಿತ್ತು. ಬಾಯಿ ತುಂಬ ನೊರೆ ಇಟ್ಟುಕೊಂಡು, "ಸುಮ್ನಿರೋ, ಮರದ ತಲೆಯೋನೆ" ಅಂದುಬಿಟ್ಟರು.

"ತಲೆ ಆದ್ರೂ ಇದೆಯಲ್ಲ, ದೊಡ್ಡಯ್ಯ."

ಅಡಿಗೆಮನೆಯಲ್ಲಿ ಅಮ್ಮನ ಸೌಟು ನಿಂತಿತು. ಅಪ್ಪ ಬೇಗ ಬೇಗ ಮುಖ ತೊಳೆದುಕೊಂಡು ಒಳಗೆ ಹೋದರು. ಟವೆಲ್ಲಿನ ಹಿಂದೆ ಅವರು ನಗುತ್ತಿದ್ದುದನ್ನು ನಾನು ನೋಡಿದೆ.

ಅಲ್ಲಿಂದ ಶುರುವಾಯಿತು. ನನ್ನ ಗಂಟಲು ಸರಿಹೋದ ಮೇಲೂ ನನ್ನನ್ನು ಯಾರೂ ಕರೆಯಲಿಲ್ಲ. ಗ್ಯಾಸ್ ಬುಕ್ ಮಾಡುವುದು, ಅಜ್ಜಿಯ ಮಾತ್ರೆ, ಚಿಕ್ಕಪ್ಪನ ಕೋಣೆಯ ಒಡೆದ ಹೆಂಚು, ಎಲ್ಲವನ್ನೂ ಅಪ್ಪ ನಂಜನಿಗೇ ಹೇಳುತ್ತಿದ್ದರು. ಸಂಜೆ ಕಾರ್ಖಾನೆಯ ಬಸ್ಸು ಇಳಿದು ಬಂದವರು ಕಾಫಿ ಲೋಟ ಹಿಡಿದು ಬಾವಿಕಟ್ಟೆಯ ಮೇಲೆ, ಕಿಟಕಿಗೆ ಅರ್ಧ ಬೆನ್ನು ಹಾಕಿ ಕೂರುತ್ತಿದ್ದರು. ಪರದೆಯ ಮೇಲೆ ನಂಜನ ತಲೆ ಬರುತ್ತಿತ್ತು. ಕೆಲಸದ ಮಾತು ಮುಗಿದರೂ ಅಪ್ಪ ಏಳುತ್ತಿರಲಿಲ್ಲ. ಕೆಲಸ ಹೋದ ಮೇಲೆ ಚಿಕ್ಕಪ್ಪ ಶಾಲೆ, ಹುಟ್ಟುಹಬ್ಬಗಳಲ್ಲಿ ನಂಜನ ಆಟ ಆಡಿಸಿಯೇ ಸಂಪಾದಿಸುತ್ತಿದ್ದ. ಇವತ್ತು ಆಟ ಎಲ್ಲಿತ್ತು, ಮಕ್ಕಳು ಗಲಾಟೆ ಮಾಡಿದವಾ, ಬಿಸಿಲಲ್ಲಿ ಬಸ್ಸಿಗೆ ಎಷ್ಟು ಹೊತ್ತು ನಿಂತೆ, ಹೊಟ್ಟೆಗೆ ಏನಾದರೂ ಹಾಕಿದರಾ ಎಂದು ಕೇಳುತ್ತಿದ್ದರು. ಬೇರೆ ಯಾರ ಹತ್ತಿರವೂ ಅಪ್ಪ ಅಷ್ಟು ಮೆತ್ತಗೆ ಮಾತಾಡಿದ್ದನ್ನು ನಾನು ಕೇಳಿರಲಿಲ್ಲ. ಒಂದು ದಿನ ಶಿವಾಜಿನಗರದ ಫುಟ್‌ಪಾತಿನಿಂದ ಕೈಕೂಸುಗಳ ಒಂದು ಜೊತೆ ಕೆಂಪು ಕಾಲುಚೀಲ ತಂದು, ಏನೂ ಹೇಳದೆ ಆ ಕಿಟಕಿಯ ಮೇಲೆ ಇಟ್ಟು ಹೋದರು. ಮರುದಿನ ನಂಜ ಕಾಲು ಹೊರಗೆ ಚಾಚಿ ಕೂತಿದ್ದ.

ನನಗೆ ಬಿಡುವಾಯಿತು. ಆದರೆ ಓಡಿ ರೂಢಿಯಾದ ಕಾಲಿಗೆ ಬಿಡುವು ಹಿಡಿಸಲಿಲ್ಲ. ಮಹಡಿಯ ಮೇಲೆ ಒಣಹಾಕಿದ ಸಂಡಿಗೆ ಕಾಯಲು ಹೋಗುವುದು, ಅರ್ಧಕ್ಕೇ ಇಳಿದು ಬಂದು ಅಜ್ಜಿಯನ್ನು ನೋಡುವುದು, ಉಪ್ಪು ಖಾರ ಹಚ್ಚಿದ ಮಾವಿನಕಾಯಿ ಹೋಳು ಚೀಪುತ್ತಾ ಮತ್ತೆ ಮೆಟ್ಟಿಲು ಹತ್ತುವುದು. ಅಪ್ಪ ಮಾತಾಡ್ತಿದಾರಲ್ಲ ಅಜ್ಜಿ, ಇನ್ನು ಆಸ್ಪತ್ರೆಗೆ ಹೋಗು ಎಂದು ಅಜ್ಜಿಯ ಸೆರಗು ಹಿಡಿದು ಕೇಳಿದೆ. ಮರದ ಜೊತೆ ಆಡಿದ ಮಾತು ಮಾತಲ್ಲ ಕಣವ್ವ ಅಂದಳು ಅಜ್ಜಿ. ಎದ್ದು ಒಳಗೆ ಹೋಗುವಾಗ ಹೊಸ್ತಿಲು ಎಡವಿದಳು. ಹುಟ್ಟಿದ ಮನೆಯ ಹಾಗೆ ಬಲ್ಲ ಹೊಸ್ತಿಲು.

ಅದೇ ತಿಂಗಳು ಚಿಕ್ಕಪ್ಪ ನನ್ನನ್ನು ಇಂದಿರಾನಗರಕ್ಕೆ ಒಂದು ಹುಟ್ಟುಹಬ್ಬದ ಆಟಕ್ಕೆ ಕರೆದುಕೊಂಡು ಹೋದ. ದೊಡ್ಡ ಬಂಗಲೆ, ಹುಲ್ಲುಹಾಸಿನ ಮೇಲೆ ಶಾಮಿಯಾನ, ಕೇಕಿನ ವಾಸನೆ. ನಾನು ಪಕ್ಕದಿಂದ ನೋಡುತ್ತಿದ್ದೆ. ನಂಜ ಮಾತಾಡುವಾಗ ಎಲ್ಲರೂ ನಂಜನನ್ನು ನೋಡುತ್ತಿದ್ದರು; ನಾನು ಚಿಕ್ಕಪ್ಪನ ಮುಖ ನೋಡಿದೆ. ಅವನು ಮಾತಾಡುತ್ತಿರುವವನ ಹಾಗೆ ಕಾಣುತ್ತಲೇ ಇರಲಿಲ್ಲ. ಪಕ್ಕದವನು ಮುಂದೆ ಏನು ಹೇಳುತ್ತಾನೋ ಎಂದು ಕಾಯುತ್ತಿರುವವನ ಹಾಗೆ ಹುಬ್ಬು ಸ್ವಲ್ಪ ಕೂಡಿಸಿ, ಕಿವಿಗೊಟ್ಟು ಕೂತಿದ್ದ. ನಂಜ ಹೇಳಿದ ಒಂದು ಮಾತಿಗೆ ಎಲ್ಲರಿಗಿಂತ ಮೊದಲು ಅವನೇ ನಕ್ಕ.

ವಾಪಸು ಬರುವಾಗ ಬಸ್ಸಿನಲ್ಲಿ ಪೆಟ್ಟಿಗೆಯನ್ನು ತೊಡೆಯ ಮೇಲೆ ಇಟ್ಟುಕೊಂಡು, ಗುಂಡಿಗೆ ಬಸ್ಸು ಇಳಿದಾಗೆಲ್ಲ ಅದನ್ನು ಸ್ವಲ್ಪ ಮೇಲೆತ್ತಿ ಹಿಡಿಯುತ್ತಿದ್ದ. ಅಪ್ಪನ ಹತ್ತಿರ ನೀನೇ ಮಾತಾಡಬಾರದಾ ಎಂದು ಕೇಳಿದೆ.

"ನಾನು ಬಾಯಿ ತೆಗೆದ್ರೆ ಜಗಳ ಆಗುತ್ತೆ ಪುಟ್ಟಿ. ನಂಜ ಆದ್ರೆ ಆಗಲ್ಲ," ಅಂದ. ಸ್ವಲ್ಪ ಹೊತ್ತಿನ ಮೇಲೆ, "ನಿಮ್ಮಪ್ಪಂಗೆ ನನ್ನ ಬಾಯಿಂದ ತಪ್ಪಾಯ್ತು ಅಂತ ಒಂದು ಮಾತು ಬೇಕು. ಅದೊಂದು ನಂಗೆ ಬರ್ತಿಲ್ಲ."

ಆ ರಾತ್ರಿಯೆಲ್ಲ ನಾನು ಅದನ್ನೇ ಹಿಡಿದುಕೊಂಡೆ. ಒಂದೇ ಒಂದು ಮಾತು. ಅದು ಬಂದರೆ ಅಪ್ಪ ತಿರುಗಿ ನೋಡುತ್ತಾರೆ, ಇಬ್ಬರೂ ಮಾತಾಡುತ್ತಾರೆ, ಅಜ್ಜಿ ಆಸ್ಪತ್ರೆಗೆ ಹೊರಡುತ್ತಾಳೆ. ಚಿಕ್ಕಪ್ಪನಿಗೆ ಬರದಿದ್ದರೆ ನಂಜನಿಗಾದರೂ ಬರಲಿ. ನಂಜ ಹೇಳಿದ್ದನ್ನೆಲ್ಲ ಅಪ್ಪ ಚಿಕ್ಕಪ್ಪನದೇ ಮಾತು ಎಂದು ತೆಗೆದುಕೊಳ್ಳುತ್ತಿದ್ದರಲ್ಲ.

ಕಾನ್ವೆಂಟಿನಲ್ಲಿ ನಮಗೆ ಎಲೊಕ್ಯೂಷನ್ ಹೇಳಿಕೊಡುತ್ತಿದ್ದ ಸಿಸ್ಟರ್, ಮೂರು ಬೆರಳು ಹಿಡಿಯುವಷ್ಟು ಬಾಯಿ ತೆರೆದು ಮಾತಾಡಬೇಕು ಅನ್ನುತ್ತಿದ್ದರು. ನಾನು ಆ ಬೇಸಿಗೆ ಬಚ್ಚಲಿನಲ್ಲಿ ಚಿಲಕ ಹಾಕಿಕೊಂಡು ಬೆಂಕಿಕಡ್ಡಿ ಕಚ್ಚಿ, ಬಾಯಿ ಮುಚ್ಚಿ ಮಾತಾಡುವುದನ್ನು ಕಲಿತೆ. ನಾಲಿಗೆಯನ್ನು ಹಿಂದಕ್ಕೆ ಮಡಚಿ, ಮೂಗಿನ ಕಡೆಗೆ ದನಿ ತಳ್ಳಿದರೆ ನಂಜನ ದನಿ ಸುಮಾರಾಗಿ ಬರುತ್ತಿತ್ತು. ಸುಳ್ಳು ಹೇಳುವುದು ಪಾಪ ಎಂದು ಅದೇ ಸಿಸ್ಟರ್ ಹೇಳಿದ್ದರು. ಗೊಂಬೆಯ ಕೈಲಿ ಹೇಳಿಸಿದರೆ ಆ ಪಾಪ ಯಾರ ಪಾಲಿಗೆ ಎಂದು ಯಾರನ್ನು ಕೇಳುವುದು ತಿಳಿಯದೆ, ಬಚ್ಚಲಿನಿಂದ ಅಂಗಳಕ್ಕೆ, ಅಂಗಳದಿಂದ ಬಚ್ಚಲಿಗೆ ಓಡಾಡಿದೆ.

ಶಾಲೆ ತೆರೆಯಲು ಒಂದು ವಾರವಿತ್ತು. ಹೊಸ ಪುಸ್ತಕಗಳಿಗೆ ಕಂದು ಕಾಗದ ಹಾಕಿ ಆಗಿತ್ತು. ಮೊದಲ ಮಳೆ ಬಂದು ಹೋಗಿತ್ತು. ಒಂದು ಭಾನುವಾರ ಊಟವಾದ ಮೇಲೆ ಅಪ್ಪ ಮಲಗಿದ್ದಾಗ ಚಿಕ್ಕಪ್ಪ ನಂಜನ ಹೊಸ ಕೋಟು ತರಲು ಶಿವಾಜಿನಗರಕ್ಕೆ ಹೋದ. ಅಲ್ಲಿ ಒಬ್ಬ ವಯಸ್ಸಾದ ಟೈಲರ್ ಮಾಸ್ಟರ್ ದೊಡ್ಡವರ ಸೂಟಿನಲ್ಲಿ ಉಳಿದ ಬಟ್ಟೆಯಿಂದ, ನಂಜನನ್ನು ಮೇಜಿನ ಮೇಲೆ ನಿಲ್ಲಿಸಿ, ಟೇಪು ಹಿಡಿದು ಅಳತೆ ತೆಗೆದು ಹೊಲಿಯುತ್ತಿದ್ದರು. ಅಳತೆ ಮೊದಲೇ ಕೊಟ್ಟಿದ್ದರಿಂದ ಅವತ್ತು ನಂಜ ಮನೆಯಲ್ಲೇ ಉಳಿದ. ಅಮ್ಮ ಮಹಡಿಯ ಮೇಲೆ ಸಂಡಿಗೆ ಬಾಚುತ್ತಿದ್ದಳು. ಅಜ್ಜಿ ನಡುಮನೆಯಲ್ಲಿ ಅಕ್ಕಿಯ ಮೊರ ಇಟ್ಟುಕೊಂಡು ಕೂತಿದ್ದಳು. ಅಪ್ಪ ಎದ್ದು ಪೇಪರ್ ಹಿಡಿದು ಬಾವಿಕಟ್ಟೆಗೆ ಬಂದರು. ತಮ್ಮ ಹೊರಗೆ ಹೋದದ್ದು ಅವರಿಗೆ ಗೊತ್ತಿರಲಿಲ್ಲ.

ನಾನು ಹಿಂಬಾಗಿಲಿನಿಂದ ಚಿಕ್ಕಪ್ಪನ ಕೋಣೆಗೆ ಹೋಗಿ ಪೆಟ್ಟಿಗೆ ತೆರೆದೆ. ಕರ್ಚೀಫು ತೆಗೆದಾಗ ನಂಜ ಎಚ್ಚರವಾಗಿಯೇ ಇದ್ದ. ಅವನ ಬೆನ್ನಿನೊಳಗೆ ಕೈ ಇಟ್ಟೆ. ಇಷ್ಟು ಭಾರವಿರುತ್ತಾನೆ ಎಂದು ನಾನು ಎಣಿಸಿರಲಿಲ್ಲ. ಉಂಗುರ ನನ್ನ ಬೆರಳಿಗೆ ದೊಡ್ಡದು. ಎರಡು ಬೆರಳು ಸೇರಿಸಿ ತೂರಿಸಿದೆ. ನನ್ನ ತುಟಿ ಸೇರಿದರೂ ಕಾಣದ ಹಾಗೆ ಕಿಟಕಿಯ ಕೆಳಗೆ ಕುಕ್ಕರುಗಾಲಲ್ಲಿ ಕೂತು, ಪರದೆಯ ಮೇಲೆ ಅವನ ತಲೆ ಎತ್ತಿ ಹಿಡಿದೆ.

"ದೊಡ್ಡಯ್ಯಾ," ಅಂದೆ. ದವಡೆ ಠಕ್ ಎಂದಿತು.

"ಏನೋ ನಂಜ," ಅಂದರು ಅಪ್ಪ, ಪೇಪರಿನಿಂದ ತಲೆ ಎತ್ತದೆ.

"ತಪ್ಪಾಯ್ತಂತೆ. ಅವರು ಹೇಳು ಅಂದ್ರು. ಅವತ್ತು ಮಾಡಿದ್ದು ತಪ್ಪಾಯ್ತಂತೆ."

ಆಮೇಲೆ ಪೇಪರ್ ಮಡಚುವ ಸದ್ದು. ಎರಡಾಗಿ, ನಾಲ್ಕಾಗಿ, ಎಂಟಾಗಿ. ಅಪ್ಪ ಗಂಟಲು ಸರಿ ಮಾಡಿಕೊಂಡರು. ಎಡಗೈಯಿಂದ ಬಲಗೈಯನ್ನು ಆನಿಸಿಕೊಂಡೆ.

"ನಂಜ, ಅವನಿಗೆ ಒಂದು ಮಾತು ಹೇಳು," ಅಂದರು. "ಕೆಲಸ ಹೋಯ್ತು ಅಂತ ನಾನು ಮಾತು ಬಿಟ್ಟಿದ್ದಲ್ಲ. ಅವತ್ತು ಎಲ್ಲರ ಜೊತೆ ನಾನೂ ನಕ್ಕೆ. ಕಣ್ಣಲ್ಲಿ ನೀರು ಬರೋ ಹಾಗೆ ನಕ್ಕೆ. ನಮ್ಮಪ್ಪ ಹೋದಾಗ ಇವನು ಇಷ್ಟುದ್ದ ಇದ್ದ, ನೋಡು ಹೆಂಗೆ ಬೆಳೆದ ಅಂತ ಪಕ್ಕದವರಿಗೆ ಹೇಳ್ದೆ. ಆಮೇಲೆ ಮ್ಯಾನೇಜರ್ ಕರೆದು, ನೀನೂ ನಗ್ತಿದ್ಯಾ ಅಂತ ಕೇಳಿದ್ರೆ, ಇಲ್ಲ ಸರ್, ನಾಚಿಕೆ ಆಯ್ತು ಸರ್ ಅಂದೆ. ಇವನು ಪಕ್ಕದಲ್ಲೇ ನಿಂತಿದ್ದ. ಇವನ ಪರವಾಗಿ ಒಂದು ಮಾತು ಆಡ್ಲಿಲ್ಲ ನಾನು. ಅದಕ್ಕೇ ಇವನ ಮುಖ ನೋಡಕ್ಕಾಗ್ತಿಲ್ಲ ನಂಗೆ. ಅದನ್ನ ಹೇಳು."

ಅಪ್ಪನ ದನಿ ಹಾಗಿರಬಹುದು ಎಂದು ನನಗೆ ಗೊತ್ತೇ ಇರಲಿಲ್ಲ. ದಾರಿ ತಪ್ಪಿದವರು ಅಪರಿಚಿತರ ಮನೆಯ ಬಾಗಿಲಲ್ಲಿ ನಿಂತು ಕೇಳುವ ಹಾಗೆ, ತಗ್ಗಿ, ನಡುನಡುವೆ ನಿಂತು. ನಾನು ಕೇಳಬಾರದ್ದನ್ನು ಕೇಳುತ್ತಿದ್ದೇನೆ ಎಂದು ತಿಳಿಯುವಷ್ಟು ದೊಡ್ಡವಳಾಗಿದ್ದೆ. ನಿಲ್ಲಿಸುವುದು ಹೇಗೆಂದು ತಿಳಿಯುವಷ್ಟು ಆಗಿರಲಿಲ್ಲ.

ಆಗ ಬೀದಿಬಾಗಿಲಿನ ಚಿಲಕ ಸದ್ದಾಯಿತು. ಪರದೆಯ ಸಂದಿನಿಂದ ನೋಡಿದೆ. ಪೇಪರಿನಲ್ಲಿ ಸುತ್ತಿದ ಕೋಟಿನ ಪೊಟ್ಟಣ ಕಂಕುಳಲ್ಲಿಟ್ಟುಕೊಂಡು ಚಿಕ್ಕಪ್ಪ ಅಂಗಳಕ್ಕೆ ಬಂದ.

ಅಪ್ಪ ಅವನನ್ನು ನೋಡಿದರು. ಕಿಟಕಿ ನೋಡಿದರು. ಮತ್ತೆ ಅವನನ್ನು ನೋಡಿದರು. ಅವರ ಮುಖದ ಬಣ್ಣ ಇಳಿಯುವುದು ನನಗೆ ಕಂಡಿತು. ನನ್ನ ಕೈ ಸೋತು ನಂಜನ ತಲೆ ಒಂದು ಪಕ್ಕಕ್ಕೆ ವಾಲಿತು.

ಚಿಕ್ಕಪ್ಪ ನಾಲ್ಕೇ ಹೆಜ್ಜೆಗೆ ಕಿಟಕಿಗೆ ಬಂದು ಪರದೆ ಸರಿಸಿದ. ನನಗೆ ಹೊಡೆಯುತ್ತಾನೆ ಅಂದುಕೊಂಡೆ. ಅವನು ಮೊದಲು ಸರಳಿನ ನಡುವೆ ಕೈ ತೂರಿಸಿ ನಂಜನ ಕುತ್ತಿಗೆಗೆ ಆಸರೆ ಕೊಟ್ಟ. ಆಮೇಲೆ ಕೇಳಿದ, ಇವನ ಕೈಲಿ ಏನು ಹೇಳಿಸಿದೆ ಎಂದು. ನಾನು ಹೇಳಿಸಿದ್ದನ್ನು ಹೇಳಿದೆ. ಅಪ್ಪ ಹೇಳಿದ್ದನ್ನು ಹೇಳಲಿಲ್ಲ.

ಚಿಕ್ಕಪ್ಪ ತಿರುಗಿದ. ಕಿವಿ ಕೆಂಪಾಗಿತ್ತು.

"ಅಣ್ಣಾ, ಅದು ನಾನು ಹೇಳಿದ್ದಲ್ಲ."

ಅಪ್ಪ ಎದ್ದು ನಿಂತರು. "ಗೊತ್ತು. ಯಾವತ್ತು ನೀನು ಹೇಳಿದೀಯಾ? ಕಾರ್ಖಾನೇಲೂ ನೀನಲ್ಲ. ಗೊಂಬೆ."

"ಕಾರ್ಖಾನೇಲಿ ಹೇಳಿದ್ದು ನಾನೇ," ಅಂದ ಚಿಕ್ಕಪ್ಪ. "ಅಲ್ಲಿ ಹೇಳಿದ್ದು ನಾನೇ ಅಣ್ಣ. ಇವತ್ತು ಹೇಳಿದ್ದು ನಾನಲ್ಲ."

ಅಷ್ಟು ಹತ್ತಿರ ಒಬ್ಬರ ಮುಖ ಒಬ್ಬರು ನೋಡುತ್ತಾ ಅವರು ನಿಂತದ್ದನ್ನು ನಾನು ಆಯುಧಪೂಜೆಯ ನಂತರ ನೋಡಿರಲಿಲ್ಲ. ಅಪ್ಪ ಏನೋ ಹೇಳಲು ಬಾಯಿ ತೆರೆದರು. ಈಗ ಅದನ್ನು ಹೇಳುತ್ತಾರೆ ಎಂದುಕೊಂಡೆ. ಅಷ್ಟರಲ್ಲಿ ನಡುಮನೆಯಿಂದ ಮೊರ ತಟ್ಟುವ ಸದ್ದು ನಿಂತು ಅಜ್ಜಿಯ ದನಿ ಬಂತು.

"ಆಸ್ಪತ್ರೆಗೆ ಯಾವತ್ತು ಬರ್ಬೇಕು ಅಂತ ನಾಳೆ ಕೇಳ್ಕೊಂಡ್ ಬನ್ರಪ್ಪ ಇಬ್ರೂ."

ಅಪ್ಪ ಬಾಯಿ ಮುಚ್ಚಿಕೊಂಡರು. ಮಡಚಿದ ಪೇಪರನ್ನು ಬಿಡಿಸಿ, ಮತ್ತೆ ಮಡಚಿ, "ಎಷ್ಟೊತ್ತಿಗೆ ತೆಗೀತಾರೆ ಆಸ್ಪತ್ರೆ?" ಎಂದು ತಮ್ಮನನ್ನೇ ಕೇಳಿದರು. ಎಂಟಕ್ಕೆ ಅಂದ ಚಿಕ್ಕಪ್ಪ.

ಅವತ್ತು ಸಂಜೆ ನೀರಿನ ತೊಟ್ಟಿಯ ಹತ್ತಿರ ಅಪ್ಪ ನನ್ನ ಪಕ್ಕ ಬಂದು ನಿಂತರು. ಬಯ್ಯಲಿಲ್ಲ. ಬಹಳ ಹೊತ್ತು ಕೈ ತೊಳೆದರು. ಆಮೇಲೆ, "ನಾನು ನಂಜಂಗೆ ಹೇಳಿದ್ದನ್ನ ಅವನಿಗೆ ಹೇಳ್ಬೇಡ" ಅಂದರು. ಆರು ತಿಂಗಳು ಅಷ್ಟೊಂದು ಮಾತು ಹೊತ್ತು ಓಡಿದವಳಿಗೆ, ಹೇಳಬೇಡ ಎಂದು ಯಾರಾದರೂ ಹೇಳಿದ್ದು ಅದೊಂದನ್ನೇ.

ಅಜ್ಜಿಯ ಆಪರೇಷನ್ ಆಯಿತು. ಪಟ್ಟಿ ಬಿಚ್ಚಿದ ದಿನ ಮಂಚದ ಎರಡೂ ಕಡೆ ಇಬ್ಬರು ಮಕ್ಕಳೂ ನಿಂತಿದ್ದರು. ಅಜ್ಜಿ ಇಬ್ಬರನ್ನೂ ಸರದಿಯಲ್ಲಿ ನೋಡಿ, ಏನ್ರೋ ಹಿಂಗೆ ಸೊರಗಿದೀರ ಅಂದಳು. ಆಮೇಲೆ ಒಂಬತ್ತು ವರ್ಷ ಅವಳು ತಾನೇ ಬತ್ತಿ ನೋಡಿ ದೀಪ ಹಚ್ಚಿದಳು. ಅದಕ್ಕಿಂತ ಹೆಚ್ಚಿಗೆ ಆ ಬೇಸಿಗೆಯಿಂದ ನಾನು ಬೇಡಿದ್ದೇನೂ ಇರಲಿಲ್ಲ. ಆದರೂ ಸಂಜೆಯಾದರೆ ಕಿಟಕಿಯ ಕಡೆ ನೋಡುತ್ತಿದ್ದೆ. ನಂಜ ಮತ್ತೆ ಆ ಪರದೆಯ ಮೇಲೆ ತಲೆಯೆತ್ತಲಿಲ್ಲ. ಚಿಕ್ಕಪ್ಪ ಆಟಕ್ಕೆ ಮಾತ್ರ ಪೆಟ್ಟಿಗೆ ಒಯ್ಯುತ್ತಿದ್ದ. ನನ್ನ ಮೇಲೆ ಸಿಟ್ಟೇನೂ ಇರಲಿಲ್ಲ. ನನ್ನ ಎದುರು ಪೆಟ್ಟಿಗೆ ತೆರೆಯುವುದನ್ನು ಬಿಟ್ಟ, ಅಷ್ಟೆ. ಕೆಲವು ವರ್ಷಗಳಲ್ಲಿ ಆಟಗಳೂ ಕಡಿಮೆಯಾದವು. ಒಂದು ಮಳೆಗಾಲದಲ್ಲಿ ನಂಜನ ಹಣೆ ಸೀಳಿತು. ಅದಕ್ಕೆ ಬಣ್ಣ ಹಚ್ಚಲು ಚಿಕ್ಕಪ್ಪ ಯಾರಿಗೂ ಕೊಡಲಿಲ್ಲ.

ಅಣ್ಣ ತಮ್ಮ ಮಾತ್ರ ಕೊನೆಯವರೆಗೂ ದಿನಾ ಮಾತಾಡಿದರು. ಮೋಟರ್ ಆಫ್ ಮಾಡು. ಕಂದಾಯ ಕಟ್ಟಿ ಆಯ್ತಾ. ಮೆಟ್ರೋದವರು ರಸ್ತೆ ಅಗೆದಿದಾರೆ, ಸುತ್ತಿ ಹೋಗು. ಒಳ್ಳೆಯ ಮಾತುಗಳೇ. ಆದರೆ ಬಾವಿಕಟ್ಟೆಯ ಮೇಲೆ ಕೂತು, ಬಿಸಿಲಲ್ಲಿ ಎಷ್ಟು ಹೊತ್ತು ನಿಂತೆ ಎಂದು ಅಪ್ಪ ಆ ದನಿಯಲ್ಲಿ ತಮ್ಮನನ್ನು ಕೇಳಿದ್ದನ್ನು ನಾನು ಆಮೇಲೆ ಒಂದು ದಿನವೂ ಕೇಳಲಿಲ್ಲ. ಆ ಬೇಸಿಗೆಯ ತಿಂಗಳುಗಳಲ್ಲಿ ಗೊಂಬೆಯನ್ನು ನಡುವೆ ಇಟ್ಟುಕೊಂಡು ಅವರಿಬ್ಬರೂ ಎಷ್ಟು ಹತ್ತಿರ ಬಂದಿದ್ದರೋ, ಆ ಹತ್ತಿರವನ್ನು ನಾನೇ ಕತ್ತರಿಸಿಬಿಟ್ಟೆನೇನೋ ಎಂದು ಪಾತ್ರೆ ತೊಳೆಯುವಾಗ, ಬಟ್ಟೆ ಮಡಚುವಾಗ ಥಟ್ಟನೆ ಅನ್ನಿಸಿ ಕೈ ನಿಲ್ಲುತ್ತದೆ.

ಅಪ್ಪ ಹೋಗಿ ಎರಡು ವರ್ಷವಾಯಿತು. ಮೊದಲ ವರ್ಷದ ತಿಥಿಯ ಊಟವಾದ ಮೇಲೆ ಚಿಕ್ಕಪ್ಪ ನಾನೀಗ ಇರುವ ಇಂದಿರಾನಗರದ ಮನೆಯ ಬಾಲ್ಕನಿಯಲ್ಲಿ ಎಲೆಯಡಿಕೆ ಹಾಕಿಕೊಂಡು ಕೂತಿದ್ದ. ಎಪ್ಪತ್ತು ದಾಟಿದೆ ಅವನಿಗೆ. ಅವತ್ತು ನನಗೆ ತಡೆಯಲಾಗಲಿಲ್ಲ. ಹೇಳಬೇಡ ಅಂದವರು ಇಲ್ಲ. ಕೇಳಬೇಕಾದವನು ಇನ್ನೆಷ್ಟು ದಿನವೋ. ಹೇಳಿಬಿಟ್ಟೆ. ಅಪ್ಪ ನಕ್ಕದ್ದು, ಪಕ್ಕದವರಿಗೆ ತೋರಿಸಿದ್ದು, ಆಮೇಲೆ ಇಲ್ಲ ಸರ್ ಅಂದದ್ದು, ಮುಖ ನೋಡಲಾಗದೆ ಹೋದದ್ದು, ಎಲ್ಲ.

ಅವನು ಅಗಿಯುವುದನ್ನು ನಿಲ್ಲಿಸಿದ. ಅಳಲಿಲ್ಲ. "ಅಣ್ಣ ಹೆಂಗೆ ಅಂದ?" ಎಂದು ಕೇಳಿದ. "ಹಂಗೇ ಹೇಳು."

ಮತ್ತೆ ಹೇಳಿದೆ. ಒಂದೊಂದು ಶಬ್ದವೂ ಸರಿಯಾಗಿತ್ತು. ಆದರೆ ಪಾಠ ಒಪ್ಪಿಸಿದ ಹಾಗಿತ್ತು. ಆ ತಗ್ಗಿದ ದನಿ, ನಡುವೆ ನಿಂತ ಜಾಗಗಳು ನನ್ನ ಬಾಯಲ್ಲಿ ಬರಲಿಲ್ಲ. ನೀನೇ ಅಪ್ಪನ ದನಿ ತೆಗೆದು ನೋಡು ಚಿಕ್ಕಪ್ಪ, ನಿನಗೆ ಎಲ್ಲರ ದನಿಯೂ ಬರುತ್ತಲ್ಲ ಅಂದೆ. ಅವನು ತುಟಿ ಸ್ವಲ್ಪ ತೆರೆದು, ಹಲ್ಲು ಸೇರಿಸಿ, ಕಣ್ಣು ಮುಚ್ಚಿದ. ಗಂಟಲು ಎರಡು ಸಲ ಏರಿ ಇಳಿಯಿತು. ಏನೂ ಬರಲಿಲ್ಲ.

"ಊರೋರ್ದೆಲ್ಲ ತೆಗ್ದೆ," ಅಂದ. "ಅವನ್ದು ಒಂದಿನಾನೂ ತೆಗೀಲಿಲ್ಲ ಕಣೇ. ಅಣ್ಣ ಅಲ್ವಾ."

ನನ್ನ ಫೋನಿನಲ್ಲಿ ಅಪ್ಪನ ದನಿ ಇದೆ. ನನ್ನ ಮಗಳ ಮದುವೆಯ ವಿಡಿಯೋದಲ್ಲಿ ಪಂಕ್ತಿಯ ನಡುವೆ ಓಡಾಡುತ್ತಾ, ಇನ್ನೊಂದು ಹೋಳಿಗೆ ಹಾಕಿ ಎಂದು ಗಟ್ಟಿಯಾಗಿ ಹೇಳುತ್ತಾರೆ. ಅದನ್ನು ಚಿಕ್ಕಪ್ಪನಿಗೆ ಕೇಳಿಸಿದೆ. ಇದಲ್ಲ ಅಂದ. ಅದಲ್ಲ ಎಂದು ನನಗೂ ಗೊತ್ತಿತ್ತು.

ಈಗ ಪ್ರತಿ ಸಲ ಬಂದಾಗಲೂ ಅವನು ಅದನ್ನು ಹೇಳಿಸುತ್ತಾನೆ. ಕಾಫಿ ಕುಡಿದು ಲೋಟ ಕೆಳಗಿಟ್ಟು, ಇನ್ನೊಂದ್ಸಲ ಹೇಳು ಅನ್ನುತ್ತಾನೆ. ಮಾತುಗಳಲ್ಲಿ ಒಂದೂ ತಪ್ಪದ ಹಾಗೆ ನಾನು ಹೇಳುತ್ತೇನೆ. ಪ್ರತಿ ಸಲವೂ ಅಪ್ಪನ ದನಿ ಇನ್ನೂ ಸ್ವಲ್ಪ ನನ್ನದಾಗುತ್ತಾ ಬರುತ್ತಿದೆ.